ಒಂದು ಗೇಣು ಮುಂದಕ್ಕೆ

"ನಿನ್ನ ಗಂಡನ ಕಣ್ಣಿಗೇನು ಮಣ್ಣು ಬಿದ್ದಿತ್ತಾ?"

ಹಿರಿಯ ಓರಗಿತ್ತಿ ಲೋಟ ಕುಕ್ಕಿದ ರಭಸಕ್ಕೆ ಅರ್ಧ ಟೀ ಮೇಜಿನ ಮೇಲೆ ಚೆಲ್ಲಿತು. ಮೂರು ದಿನದಿಂದ ಬೆಳಗಾದರೆ ಇದೇ ರಾಗ! ಕಿರಿಯವಳು ಬಟ್ಟೆ ತಂದು ಹಲ್ಲು ಕಚ್ಚಿಕೊಂಡು ಒರೆಸಿದಳು.

ಅವಳ ಭಾವ ಹೆಸರಾಂತ ಕ್ಯಾಮೆರಾಮನ್. ಗಂಡ ಹದಿನೆಂಟು ವರ್ಷದಿಂದ ಅಣ್ಣನ ಫೋಕಸ್ ಸಹಾಯಕ. ಲೆನ್ಸಿನಿಂದ ನಟರ ಕಣ್ಣಿನವರೆಗೆ ಟೇಪು ಹಿಡಿದು ಅಳೆದು, ನೆಲಕ್ಕೆ ಗುರುತಿನ ಪಟ್ಟಿ ಅಂಟಿಸಿ, ಶಾಟ್ ನಡೆಯುವಾಗ ಮುಖ ಮಸುಕಾಗದಂತೆ ನೋಡಿಕೊಳ್ಳುವುದು ಅವನ ಕೆಲಸ. ಸ್ಟುಡಿಯೋದಲ್ಲಿ ಅವನ ಹೆಸರೇ ಟೇಪಣ್ಣ. ಮೊನ್ನೆ ಸೆಟ್ಟಿನ ಮನೆಗೆ ಬೆಂಕಿ ಹಚ್ಚುವ ದೃಶ್ಯವಿತ್ತು. ಇದ್ದದ್ದು ಒಂದೇ ಮನೆ, ಒಂದೇ ಅವಕಾಶ. ಹೊಗೆಯಲ್ಲಿ ಮಾನಿಟರ್ ಕಾಣದೆ ಟೇಪಣ್ಣ ತನ್ನ ಅಳತೆಯನ್ನೇ ನಂಬಿದ. ಮನೆ ಬೂದಿಯಾಯಿತು... ನಾಯಕಿಯ ಮುಖ ಮೊದಲಿಂದ ಕೊನೆಯವರೆಗೂ ಮಸುಕು! "ತಪ್ಪು ನಂದೇ" ಎಂದುಬಿಟ್ಟ. ಮುಂದಿನ ಚಿತ್ರಕ್ಕೆ ಅವನನ್ನೇ ಕ್ಯಾಮೆರಾಮನ್ ಮಾಡುತ್ತೇನೆಂದಿದ್ದ ನಿರ್ಮಾಪಕ "ಯೋಚನೆ ಮಾಡ್ತೀನಿ" ಎಂದು ಎದ್ದು ಹೋದ.

ಟೇಪಣ್ಣನ ಹೆಂಡತಿಗೆ ಮಾತ್ರ ನಂಬಿಕೆ ಬರಲಿಲ್ಲ. ಬಾಗಿಲಲ್ಲಿ ನಿಂತವರು ಎಷ್ಟು ಅಡಿ ದೂರದಲ್ಲಿದ್ದಾರೆಂದು ಕೂತಲ್ಲಿಂದಲೇ ಹೇಳುವ ಮನುಷ್ಯ ಇವನು! ಪೀಡಿಸಿ ಪೀಡಿಸಿ ನಿನ್ನೆ ಸಂಜೆ ಬಾಯಿ ಬಿಡಿಸಿದ್ದಳು.

"ಬೆಂಕಿ ಆರಿದ ಮೇಲೆ ಅಳೆದು ನೋಡಿದೆ ಕಣೇ. ನಾನು ಗುರುತು ಹಾಕಿದ ಮೇಲೆ ಅಣ್ಣ ಕ್ಯಾಮೆರಾನ ಒಂದು ಗೇಣು ಮುಂದಕ್ಕೆ ಸರಿಸಿದ್ದ. ಹೇಳೋದು ಮರೆತಿದ್ದಾನೆ."

"ಅದನ್ನ ಹೇಳೋಕೆ ನಿಮ್ಮ ಬಾಯಿಗೇನು ಬೀಗ ಹಾಕಿತ್ತಾ?"

"ನನ್ನ ಕೈಗೆ ಟೇಪು ಕೊಟ್ಟವನೇ ಅವನು..."

ಇಂಥವನಿಗೆ ಏನು ಹೇಳುವುದು? ಗೋಡೆಗೆ ತಲೆ ಚಚ್ಚಿಕೊಳ್ಳೋಣವೆಂದರೆ, ಎಲ್ಲಿ ನಿಂತು ಚಚ್ಚಿಕೊಳ್ಳಬೇಕೆಂದು ಅದಕ್ಕೂ ಅಳೆದು ಗುರುತು ಹಾಕಿಕೊಟ್ಟಾನು! ಯಾರಿಗೂ ಹೇಳಬೇಡವೆಂದು ಆಣೆ ಬೇರೆ ಹಾಕಿಸಿಕೊಂಡಿದ್ದ.

"ನಮ್ಮವರ ಹೆಸರಿಗೆ ಮಸಿ ಬಳಿದನಲ್ಲ!" ಓರಗಿತ್ತಿ ಇನ್ನೂ ನಿಲ್ಲಿಸಿರಲಿಲ್ಲ. ಕಿರಿಯವಳ ತಾಳ್ಮೆ ಅಲ್ಲಿಗೆ ಮುಗಿಯಿತು. ಆಣೆಯೂ ಬೇಡ, ಮರ್ಯಾದೆಯೂ ಬೇಡ.

"ಸಾಕು ಮಾಡಿ ಅಕ್ಕಾ! ಕ್ಯಾಮೆರಾ ಸರಿಸಿದ್ದು ಭಾವ. ಸುಳ್ಳಾಗಿದ್ರೆ ಅವರನ್ನೇ ಕೇಳಿ!"

ಸೋಫಾದಲ್ಲಿ ಕೂತಿದ್ದ ಭಾವ ತಲೆ ಎತ್ತಲಿಲ್ಲ. ಅಷ್ಟರಲ್ಲಿ ಅವನ ಫೋನು ರಿಂಗಾಯಿತು. ಆ ನಿರ್ಮಾಪಕನದೇ ಕರೆ. ಭಾವನ ಕಿವಿ ಸ್ವಲ್ಪ ಮಂದ. ಸ್ಪೀಕರ್ ಹಾಕದೆ ಮಾತಾಡುವ ಅಭ್ಯಾಸವೇ ಇಲ್ಲ.

"ನಿಮ್ಮ ಮಾತಿನ ಮೇಲೆ ತೀರ್ಮಾನ ಮಾಡ್ತೀನಿ. ಅವತ್ತಿನ ತಪ್ಪು ತಮ್ಮಂದೇನಾ? ಅವನನ್ನ ನಂಬಿ ಸಿನಿಮಾ ಕೊಡಬಹುದಾ?"

ಕೋಣೆಯಿಂದ ಟೇಪಣ್ಣ ಹೊರಬಂದು ನಿಂತ. ಭಾವ ತಮ್ಮನ ಮುಖ ನೋಡಿದ, ಹೆಂಡತಿಯ ಮುಖ ನೋಡಿದ.

"ಹೂಂ... ಹುಡುಗ ಇನ್ನೂ ಪಳಗಬೇಕು. ಕ್ಷಮಿಸಿಬಿಡಿ," ಎಂದ.

ಹದಿನೆಂಟು ವರ್ಷ ದುಡಿದವನು ಇನ್ನೂ ಪಳಗಬೇಕಂತೆ! ಗಂಡನಾದರೂ ಬಾಯಿ ಬಿಡುತ್ತಾನೇನೋ ಎಂದು ಕಿರಿಯವಳು ನೋಡಿದರೆ ಅವನು ಮೇಜು ಒರೆಸಿದ ಬಟ್ಟೆಯನ್ನು ಮಡಿಸುತ್ತಿದ್ದ.

ಫೋನು ಕಿತ್ತುಕೊಂಡವಳು ಓರಗಿತ್ತಿ!

"ನಾನು ಇವರ ಹೆಂಡತಿ ಮಾತಾಡ್ತಿರೋದು. ಕ್ಯಾಮೆರಾ ಸರಿಸಿದ್ದು ಇವರು. ಹುಡುಗಂದೇನೂ ತಪ್ಪಿಲ್ಲ. ಸಿನಿಮಾ ಅವನಿಗೆ ಕೊಡಿ."

"ನಾಳೆ ಅವನನ್ನ ಕಳಿಸಿ," ಎಂದು ನಿರ್ಮಾಪಕ ಲೈನ್ ಕಟ್ ಮಾಡಿದ. ಅಣ್ಣನ ಬಗ್ಗೆ ಒಂದು ಮಾತೂ ಇಲ್ಲ.

"ನನ್ನ ಅನ್ನಕ್ಕೆ ಕಲ್ಲು ಹಾಕಿದೆಯಲ್ಲೇ... ಇನ್ನು ನನ್ನನ್ನ ಯಾರು ಕರೀತಾರೆ?" ಭಾವ ಅವಳ ಕೈಯಿಂದ ಫೋನು ಕಸಿದುಕೊಂಡ.

"ಯಾಕೆ ಹೇಳಿದ್ರಿ ಅತ್ತಿಗೆ?" ಟೇಪಣ್ಣ ಅಳುತ್ತಿದ್ದ.

"ಬಾಯಿ ಮುಚ್ಚು! ಎಂಟು ವರ್ಷದವನಿದ್ದಾಗ ನಿನಗೆ ಅನ್ನ ಕಲಸಿ ತಿನ್ನಿಸಿದವಳು ನಾನು. ನಿನ್ನದೇ ತಪ್ಪು ಅಂದ್ಕೊಂಡು ಬೈದೆ. ಇವರು ತಲೆ ಎತ್ತದೆ ಕೂತಾಗಲೇ ನಿಜ ಗೊತ್ತಾಯ್ತು. ಸುಳ್ಳು ಹೇಳಿ ನನ್ನ ಕೈಲಿ ಬೈಸಿಕೊಂಡೆಯಲ್ಲೋ, ಪಾಪಿ..." ಸೆರಗಿನಿಂದ ಮೂಗೊರೆಸಿಕೊಂಡಳು. "ಇವರ ಕಾಲ ಮುಗೀತು. ಇಬ್ಬರದೂ ಯಾಕೆ ಮುಗೀಬೇಕು? ಇವರನ್ನ ನಾನು ನೋಡ್ಕೋತೀನಿ. ನೀನು ನಾಳೆ ಹೋಗು."

ಭಾವ ಎದ್ದು ಕೋಣೆ ಸೇರಿ ಬಾಗಿಲು ಹಾಕಿಕೊಂಡ. ಓರಗಿತ್ತಿ ಆ ಬಾಗಿಲ ಮುಂದೆ ನೆಲದ ಮೇಲೆ ಕೂತುಬಿಟ್ಟಳು. ಹನ್ನೊಂದು ವರ್ಷದಿಂದ ಅವಳ ಒಂದೊಂದು ಮಾತಿಗೂ ಮನಸ್ಸಿನಲ್ಲೇ ಎದುರುತ್ತರ ಕೊಟ್ಟುಕೊಂಡು ಬಂದಿದ್ದ ಕಿರಿಯವಳು ಇವತ್ತು ಹೋಗಿ ಅವಳ ಪಕ್ಕದಲ್ಲಿ ಕೂತಳು.