ಮೂರನೆಯ ಕುಬೂಲ್

ನಾಯಕ ಕರಾಚಿಯ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡಿದ್ದ, ನಾಯಕಿಯ ಮೇಕಪ್ ಮುಗಿದಿರಲಿಲ್ಲ. ಹಾಗಾಗಿ ನಿಕಾಹ್ ದೃಶ್ಯದ ರಿಹರ್ಸಲ್ಲಿಗೆ ವಧುವಿನ ಜಾಗದಲ್ಲಿ ಶಹರ್‌ಬಾನೋಳೇ ಕೂತಳು. ಧಾರಾವಾಹಿ ಬರೆದವಳೂ ಅವಳೇ, ನಿರ್ಮಾಪಕಿಯೂ ಅವಳೇ. ವರನ ಜಾಗಕ್ಕೆ ನಿರ್ದೇಶಕ ತಬ್ರೇಜ್ ಬಂದ. ಬೇರೆ ಯಾರೂ ಸಿಗಲಿಲ್ಲವೇ ಎಂದರೆ, ಲೈಟಿಂಗ್ ನೋಡಬೇಕಿತ್ತು ಎಂದ. ಆದರೆ ಅವನ ಕಣ್ಣು ನೆಟ್ಟಿದ್ದು ಅವಳ ಮೂಗುಬೊಟ್ಟಿನ ಮೇಲೆ.

ಖಾಜಿಯ ಪಾತ್ರದ ವಸೀ ಚಾಚಾ ಒಪ್ಪಿಗೆ ಕೇಳಿದರು. ಬಾನೋ "ಕುಬೂಲ್" ಎಂದಳು. ಮತ್ತೆ ಕೇಳಿದರು, ಮತ್ತೆ ಅಂದಳು. ಅಲ್ಲಿಗೆ ಚಾಚಾ ಪಾನ್ ಬಾಯಿಗಿಟ್ಟರು. ಈ ತಂಡದಲ್ಲಿ ಮೂರನೆಯ ಕುಬೂಲನ್ನು ಯಾರೂ ಸೆಟ್ಟಿನಲ್ಲಿ ಹೇಳುವುದಿಲ್ಲ, ಡಬ್ಬಿಂಗಿನಲ್ಲಿ ಸೇರಿಸುತ್ತಾರೆ. ನಟನೆಯೇ ಆದರೂ ಮೂರು ಸಲ ಒಪ್ಪಿಬಿಟ್ಟರೆ ಎಲ್ಲಿ ನಿಜವಾಗಿಯೇ ಗಂಟು ಬೀಳುತ್ತದೋ ಎಂಬ ಅಂಜಿಕೆ.

"ಇನ್ನೊಂದು ಉಳೀತಲ್ಲ," ಎಂದ ತಬ್ರೇಜ್, ಅವಳಿಗಷ್ಟೇ ಕೇಳುವಂತೆ.

"ಉಳೀಲಿ ಬಿಡಿ. ಚಾಚಾ ಬಾಯ್ತುಂಬಾ ಪಾನ್ ಇದೆ."

ಬಿಗುಮಾನ ಮಾತಿನಲ್ಲಿ ಮಾತ್ರ. ಅವನನ್ನು ಅವಳು ಯಾರಿಗೂ ಹೇಳದೆ ವರ್ಷಗಳಿಂದ ಪ್ರೀತಿಸುತ್ತಿದ್ದಳು.

ಅಷ್ಟರಲ್ಲಿ ಚಾನೆಲ್ಲಿನ ಮನ್ಸೂರ್ ಸಾಹೇಬರು ಬಂದರು. ಕೊನೆಯ ಕಂತಿನಲ್ಲಿ ನಾಯಕಿಗೆ ಈ ಎರಡನೇ ಮದುವೆ ಬೇಡ, ತನ್ನನ್ನು ಹೊಡೆದ ಮೊದಲ ಗಂಡನನ್ನು ಕ್ಷಮಿಸಿ ಅವನ ಮನೆಗೇ ಹೋಗಲಿ, ಇಲ್ಲದಿದ್ದರೆ ಮುಂದಿನ ಧಾರಾವಾಹಿ ಬೇರೆಯವರ ಪಾಲಾಗುತ್ತದೆ ಎಂದರು. ಆಗದು ಎಂದಳು ಬಾನೋ. ಬೇರೆಯವರಿಗೆ ಬರೆಯುತ್ತಿದ್ದ ಕಾಲದಲ್ಲಿ ಎಷ್ಟು ನಾಯಕಿಯರನ್ನು ಹಾಗೆ ವಾಪಸು ಅಟ್ಟಿದ್ದಳೋ! ಆ ಪಾಪ ಸಾಕೆಂದೇ ಸ್ವಂತ ನಿರ್ಮಾಣಕ್ಕೆ ಇಳಿದಿದ್ದಳು.

"ಗಂಡನ್ನ ಬಿಟ್ಟು ಬಂದವಳನ್ನ ಯಾರು ಬೀಬಿ ಮತ್ತೆ ಮದುವೆ ಆಗ್ತಾರೆ? ನೋಡೋರು ನಂಬಬೇಕಲ್ಲ," ಎಂದು ಸಾಹೇಬರು ನಕ್ಕರು.

ಬಾನೋಳಿಗೆ ತಲಾಖ್ ಆಗಿದ್ದು ಅಲ್ಲಿ ಯಾರಿಗೂ ಗೊತ್ತಿಲ್ಲದ್ದಲ್ಲ.

ತಬ್ರೇಜನ ಮುಖ ಕೆಂಪಾಯಿತು. "ಚಾಚಾ, ಮೂರನೇ ಸಲ ಕೇಳಿ. ನಮ್ಮ ಸ್ವಂತ ಹೆಸರು ಹಿಡಿದೇ ಕೇಳಿ."

ಚಾಚಾಗೆ ಪಾನ್ ನೆತ್ತಿಗೇರಿತು. ಬಾನೋಳಿಗೆ ಖುಷಿಯೂ ಆಯಿತು, ಮೈಯೆಲ್ಲ ಉರಿಯಿತು ಕೂಡ. ಇಷ್ಟು ದಿನ ಕಾದ ಮಾತು, ಬಂದದ್ದು ಇಂಥ ಹೊತ್ತಿನಲ್ಲಿ! ಅವಳು ಎದ್ದು ನಿಂತಳು.

"ಬೇಡ ಚಾಚಾ. ತಬ್ರೇಜ್, ಇವರ ಬಾಯಿ ಮುಚ್ಚಿಸೋಕೆ ನನ್ನನ್ನ ಮದುವೆ ಆಗ್ಬೇಡಿ."

ಅವನು ತಲೆ ತಗ್ಗಿಸಿದ. ಬಾನೋ ಸಾಹೇಬರ ಕಡೆ ತಿರುಗಿ, ಕತೆಯ ಕೊನೆ ಬದಲಾಗುವುದಿಲ್ಲ, ಮುಂದಿನದನ್ನು ಯಾರಿಗಾದರೂ ಕೊಟ್ಟುಕೊಳ್ಳಿ, ಇವತ್ತಿನ ಚಹಾ ಮಾತ್ರ ಕುಡಿದೇ ಹೋಗಿ ಎಂದಳು. ಅವರು ಚಹಾ ಮುಟ್ಟದೆ ಹೊರಟುಹೋದರು. ಮುಂದಿನ ಧಾರಾವಾಹಿಯೂ ಅವರ ಜೊತೆಗೇ ಹೋಯಿತು.

"ಅಂದ್ರೆ ಒಪ್ಪಿಗೆ ಇಲ್ಲ ಅಂತಾನಾ?" ತಬ್ರೇಜನ ದನಿ ಸಣ್ಣಗಾಗಿತ್ತು.

"ನಿಮ್ಮ ಮೇಲೆ ನನಗೆ ಪ್ರೀತಿ ಇದೆ. ಅದನ್ನ ಯಾರದೋ ಕೊಂಕಿಗೆ ಉತ್ತರ ಮಾಡೋಕೆ ಬಿಡಲ್ಲ. ನಾಳೆ ನಿಮ್ಮ ಅಮ್ಮೀನ ಕರ್ಕೊಂಡು ನಮ್ಮನೆಗೆ ಬಂದು ಕೇಳಿ."

"ನಿಮ್ಮ ಅಬ್ಬಾ ಬೇಡ ಅಂದ್ರೆ?"

"ಅವರ ಹತ್ರ ಜಗಳ ಆಡೋದು ನನಗೆ ಬಿಡಿ. ನೀವು ಬನ್ನಿ ಅಷ್ಟೇ."

ಮೇಕಪ್ ಮುಗಿಸಿದ ನಾಯಕಿ ಬಂದು ಕೂತಳು, ನಾಯಕನೂ ಬೆವರೊರೆಸಿಕೊಳ್ಳುತ್ತ ಬಂದ. ಎಲ್ಲ ಸಿದ್ಧವಾಯಿತು. ತಬ್ರೇಜ್ ಮಾತ್ರ ಕ್ಯಾಮೆರಾದ ಪಕ್ಕ ನಿಂತು, ಮಾಡಬೇಕಾದ್ದನ್ನೆಲ್ಲ ಮರೆತು, ಬಾನೋಳನ್ನೇ ನೋಡುತ್ತಿದ್ದ. ಕೊನೆಗೆ ಅವಳೇ "ಆಕ್ಷನ್" ಎಂದಳು.