ಕ್ಯಾಮೆರಾ ನಡೆದ ದಾರಿ

ಗುಂಡಿ ಒತ್ತಿದೊಡನೆ ಮೈಸೂರಿನ ಪ್ರಯೋಗಾಲಯದ ಕೋಣೆಯಲ್ಲಿ ಹಳೆಯ ಕಾಲದ ಓಣಿಯೊಂದು ಎದ್ದು ನಿಂತಿತು. ಸುಣ್ಣದ ಗೋಡೆ, ಹಗ್ಗದ ಮೇಲೆ ಒಣಗುವ ಸೀರೆ, ಇಳಿಬಿಸಿಲು; ನಡುವೆ ಪೆಟ್ಟಿಗೆ ಹಿಡಿದು ನಡೆದುಹೋಗುವ ತರುಣಿ. ಎಪ್ಪತ್ತು ದಾಟಿದ ಇಂದುಮತಿ ತಮ್ಮದೇ ಬೆನ್ನನ್ನು ನೋಡುತ್ತ ನಿಂತರು.

ಯಂತ್ರದ ಹೆಸರು ಸ್ಥಳದರ್ಶಕ. ಕ್ಯಾಮೆರಾ ಮುಂದೆ ಸಾಗುವಾಗ ಹತ್ತಿರದ ಕಂಬ ಬೇಗ ಹಿಂದೆ ಸರಿಯುತ್ತದೆ, ದೂರದ ಮರ ನಿಧಾನವಾಗಿ. ಆ ವ್ಯತ್ಯಾಸವನ್ನು ಅಳೆದು ಯಂತ್ರವು ಚಪ್ಪಟೆ ಚಿತ್ರದಿಂದ ಇಡೀ ಜಾಗವನ್ನೇ ಕಟ್ಟಿಕೊಡುತ್ತಿತ್ತು. ಜನ ಅದರೊಳಗೆ ಓಡಾಡಬಹುದಿತ್ತು.

ಇಂದುಮತಿ ಬಂದದ್ದು ತಮ್ಮನ್ನು ನೋಡಲಿಕ್ಕಲ್ಲ. ಅದು ಅವರು ನಟಿಸಿದ್ದ ಹಳೆಯ ಸಿನಿಮಾದ ದೃಶ್ಯ. ನಾಯಕಿ ಮನೆ ತೊರೆದು ಹೋಗುತ್ತಾಳೆ; ತಿರುಗಿ ನೋಡುವಂತಿಲ್ಲ. ಅವಳ ಬೆನ್ನ ಹಿಂದೆ ಕ್ಯಾಮೆರಾ ಹೊತ್ತು ಬರುತ್ತಿದ್ದವರು ಭುಜಂಗರಾಯರು. ಮುಂದೆ ಇಂದುಮತಿ ಅವರನ್ನೇ ಮದುವೆಯಾದರು. ಊರವರ ಚಿತ್ರವನ್ನೆಲ್ಲ ತೆಗೆದ ರಾಯರು ತಾವು ಒಂದು ಚಿತ್ರದಲ್ಲೂ ನಿಲ್ಲದೆ ತೀರಿಕೊಂಡಿದ್ದರು.

ಇಂದುಮತಿ ಈಗ ತಿರುಗಿ ನೋಡಿದರು. ಅಲ್ಲಿ ಬರಿಯ ಕತ್ತಲೆ.

“ಏನೂ ಕಾಣ್ತಿಲ್ಲವಲ್ಲಮ್ಮ?” ಎಂದರು.

“ಕ್ಯಾಮೆರಾ ತನ್ನನ್ನ ತಾನು ನೋಡ್ಕೊಳ್ಳಲ್ಲ ಅಮ್ಮ,” ಎಂದಳು ವಿಜ್ಞಾನಿ ಮಂದಾರ, ತಪ್ಪು ತನ್ನದೇ ಎಂಬಂತೆ. “ಅದು ಹೋದ ದಾರಿ ಮಾತ್ರ ನಮಗೆ ಗೊತ್ತು. ಈ ಹಿಡಿ ಹಿಡ್ಕೊಳ್ಳಿ, ಅದೇ ದಾರಿಯಲ್ಲಿ ಕರ್ಕೊಂಡು ಹೋಗುತ್ತೆ.”

ಚಾವಣಿಯಿಂದ ಇಳಿಬಿದ್ದ ಹಿಡಿ ನುಣ್ಣಗೆ ಸಾಗಿತು. ಸ್ವಲ್ಪ ದೂರ ಹೋಗಿ ಇಂದುಮತಿ ಕೈಬಿಟ್ಟರು.

“ಇದು ಅವರ ನಡಿಗೆ ಅಲ್ಲ. ಅವರಿಗೆ ಎಡಗಾಲು ಎಳೀತಿತ್ತು. ಚಿತ್ರ ಕುಲುಕುತ್ತೆ ಅಂತ ನಿರ್ದೇಶಕರು ಬೈತಿದ್ರು.”

“ಅಯ್ಯೋ, ಕುಲುಕಾಟ ದೋಷ ಅಂತ ಯಂತ್ರ ತಾನೇ ತೆಗೆದುಬಿಡುತ್ತೆ. ತಾಳಿ, ವಾಪಸ್ ಹಾಕ್ತೀನಿ. ಕತ್ತರಿ ಹಾಕದ ಮೂಲ ಸುರುಳಿಯೂ ನಮ್ಮ ಹತ್ರ ಇದೆ, ಅದನ್ನೇ ಓಡಿಸ್ತೀನಿ.”

ಈಗ ಹಿಡಿ ಎದ್ದು, ಕುಸಿದು, ಮತ್ತೆ ಎದ್ದು ಮುಂದೆ ನಡೆಯಿತು. ಇಂದುಮತಿಯ ಕಾಲು ತಾನಾಗಿ ಆ ಲಯಕ್ಕೆ ಹೊಂದಿಕೊಂಡಿತು. ಮಾರುಕಟ್ಟೆಗೆ, ಮದುವೆಮನೆಗೆ, ಕೊನೆಗೆ ಆಸ್ಪತ್ರೆಗೆ, ಆ ತೋಳು ಹಿಡಿದು ಎಷ್ಟು ದಾರಿ ಸವೆಸಿದ್ದರು!

ತಿರುವಿನಲ್ಲಿ ತರುಣಿ ಮರೆಯಾದಳು. ದೃಶ್ಯ ಅಲ್ಲಿಗೆ ಮುಗಿಯಬೇಕಿತ್ತು. ಹಿಡಿ ಮಾತ್ರ ನಿಲ್ಲಲಿಲ್ಲ. ಕಥೆಗೆ ಬೇಡದ ಕೆಲವು ಹೆಜ್ಜೆ ಅವಳ ಹಿಂದೆಯೇ ಕುಂಟುತ್ತ ಧಾವಿಸಿ, ತಿರುವಿನ ಹತ್ತಿರ ತಟ್ಟನೆ ನಿಂತಿತು.

“ಆಗಿನ್ನೂ ನಾವಿಬ್ಬರೂ ಒಂದು ಮಾತೂ ಆಡಿರಲಿಲ್ಲ,” ಎಂದರು ಇಂದುಮತಿ.

“ಇನ್ನೊಂದ್ಸಲ ನೋಡ್ತೀರಾ ಅಮ್ಮ?”

“ನೋಡೋದು ಬೇಡ ಮಗಳೇ. ಓಣಿ ಆರಿಸಿಬಿಡು, ನನ್ನನ್ನೂ ಆರಿಸಿಬಿಡು. ಬರೀ ಅವರು ನಡೆಯಲಿ.”

ಬೆಳಕೆಲ್ಲ ಆರಿತು. ಇಂದುಮತಿ ಕಣ್ಣು ಮುಚ್ಚಿ ಕೈ ಚಾಚಿದರು.