ನಾಲ್ಕು ಗೋಡೆಯೊಳಗಿನ ಅಳು

ಬುಧವಾರ ಬೆಳಿಗ್ಗೆ ದೊಡ್ಡಮನೆಯ ಅಡುಗೆಯವನು ಬಲೆ ಹಿಡಿದು ಕೊಳಕ್ಕೆ ಬಂದ. ಈಸ್ಟರ್‌ಗೆ ಮುಂಚಿನ ಉಪವಾಸದ ದಿನಗಳು. ಮಾಂಸ ಬೇಯಿಸುವಂತಿರಲಿಲ್ಲ.

ಬಲೆ ಬೀಸುವ ಮೊದಲೇ ದಂಡೆಯ ಮೇಲೆ ಎರಡು ಪಾದಗಳು ಕಂಡವು. ಮುಖ ನೀರಿನಲ್ಲಿತ್ತು. ನೀರು ಮೊಣಕಾಲುದ್ದವೂ ಇರಲಿಲ್ಲ.

ಸತ್ತವಳು ಸೂಲಗಿತ್ತಿ ಗುನಿಲ್ಡ್. ಅಡುಗೆಯವನ ಇಬ್ಬರು ಮಕ್ಕಳನ್ನೂ ಅವಳೇ ಭೂಮಿಗೆ ತಂದವಳು. ಅವನು ಅವಳನ್ನು ಮೇಲೆಳೆದು, ಕಣ್ಣು ಮುಚ್ಚಿಸಿ, ಜಾರಿದ ತಲೆಬಟ್ಟೆಯನ್ನು ಸರಿಮಾಡಿ ಆಮೇಲೆ ಕೂಗಿಕೊಂಡ.

ಸ್ಕೆಲ್‌ವಿಕ್ ಹಳ್ಳಿಗೆ ಒಂದೇ ದಿನದಲ್ಲಿ ಅದು ಮೂರನೆಯ ಸಾವು. ಹಿಂದಿನ ದಿನ ಬೆಳಿಗ್ಗೆ ಜಮೀನ್ದಾರ ಫುಲ್ಕ್‌ನ ಹೆಂಡತಿ ರೋಹೀಸ್ ಹೆರಿಗೆಯಲ್ಲಿ ತೀರಿಕೊಂಡಿದ್ದಳು. ಮಗುವೂ ಉಳಿದಿರಲಿಲ್ಲ. ಬುಧವಾರ ಮಧ್ಯಾಹ್ನ ತಾಯಿ ಮಗು ಇಬ್ಬರನ್ನೂ ಒಂದೇ ಪೆಟ್ಟಿಗೆಯಲ್ಲಿಟ್ಟು ಚರ್ಚಿನ ಅಂಗಳದಲ್ಲಿ ಹೂಳಿದರು.

ಸಂಜೆಗೆ ಕೊಲೆಗಾತಿಯೂ ಸಿಕ್ಕಳು. ಅಗಸಗಿತ್ತಿ ಆಲ್ಡಿತ್. ಅವಳ ಗುಡಿಸಲಿನಲ್ಲಿ ಗುನಿಲ್ಡಳ ನೀಲಿ ಉಣ್ಣೆ ಶಾಲು ಇತ್ತು. ಕದ್ದ ಮಾಲಿನೊಡನೆ ಸಿಕ್ಕವರನ್ನು ತನ್ನ ನೆಲದಲ್ಲೇ ಗಲ್ಲಿಗೇರಿಸುವ ಹಕ್ಕು ಫುಲ್ಕ್‌ನಿಗಿತ್ತು.

ಗುರುವಾರ ಸಂಜೆಯ ಗಂಟೆ ಹೊಡೆದಾಗ ನೇಣು ಎಂದು ತೀರ್ಮಾನವಾಯಿತು.

*

ಗುರುವಾರ ಮಧ್ಯಾಹ್ನ ಲಿಂಕನ್ ನಗರದಿಂದ ವಾರಿನ್ ಬಂದಿಳಿದ. ಅಸಹಜ ಸಾವುಗಳನ್ನು ರಾಜನ ಪರವಾಗಿ ವಿಚಾರಿಸುವವನು. ಐವತ್ತು ದಾಟಿದ, ಮಂಡಿನೋವಿನ ಮನುಷ್ಯ. ಅವನು ನೋಡದೆ ಗುನಿಲ್ಡಳನ್ನು ಹೂಳುವಂತಿರಲಿಲ್ಲ.

ಕೊಳದ ದಂಡೆಯಲ್ಲೇ ಮುಚ್ಚಿಟ್ಟಿದ್ದ ಒಣಹುಲ್ಲು ಸರಿಸಿ ಹೆಣ ನೋಡಿದ. ಬೆನ್ನಿನ ನಡುವೆ ಎರಡು ಕಪ್ಪು ಗುರುತು.

"ಯಾರೋ ಬೆನ್ನಿನ ಮೇಲೆ ಮಂಡಿಯೂರಿ ಕೂತಿದ್ದಾರೆ" ಎಂದ.

"ಅಗಸಗಿತ್ತಿ ಮೈಲಿ ಬಲ ಇರತ್ತಲ್ಲ" ಎಂದ ಫುಲ್ಕ್. ಅವನ ಬೂಟುಗಳಿಗೆ ಕೊಳದ ಹಸಿರು ಕೆಸರು ಮೆತ್ತಿತ್ತು.

ವಾರಿನ್ ಆ ಬೂಟುಗಳನ್ನೇ ನೋಡಿದ. "ಮಂಗಳವಾರ ಸಂಜೆ ನೀವೆಲ್ಲಿದ್ರಿ?"

ಉತ್ತರಿಸಿದವನು ಪಾದ್ರಿ ಪಿಯರ್ಸ್. "ನನ್ನ ಜೊತೇಲೇ ಇದ್ರು. ಮಧ್ಯಾಹ್ನದಿಂದ ರಾತ್ರಿವರೆಗೂ ರೋಹೀಸ್ ಅಮ್ಮಾವ್ರ ಹೆಣದ ಪಕ್ಕ ಕೂತು ಜಪ ಮಾಡಿದ್ವಿ. ಕೆಸರು ಆಗಿದ್ದು ನಿನ್ನೆ ಬೆಳಿಗ್ಗೆ, ಇವಳ ಹೆಣ ನೋಡೋಕೆ ಬಂದಾಗ."

ಪಾದ್ರಿ ಸುಳ್ಳಾಡುವವನಲ್ಲ. ಫುಲ್ಕ್ ಕೊಂದಿರಲಿಲ್ಲ.

*

ಫುಲ್ಕ್‌ನ ತಾಯಿ ಪೆಟ್ರೊನಿಲ ಕಿಟಕಿಯ ಬಳಿ ಕಸೂತಿ ಹಾಕುತ್ತಿದ್ದಳು. ಸೊಸೆ ಮಣ್ಣಾಗಿ ಒಂದು ದಿನವಾಗಿತ್ತು. ಸೂಜಿ ಒಂದೇ ಸಮನೆ ಓಡುತ್ತಿತ್ತು.

"ಹೆರಿಗೆ ಕೋಣೇಲಿ ಯಾರ್ಯಾರಿದ್ರಿ ಅಮ್ಮಾವ್ರೇ?"

"ನಾನು, ಗುನಿಲ್ಡ್. ಹೆರೋಳು ಅಂತ ಒಬ್ಬಳಿದ್ದಳು."

"ಮಗು?"

"ಗಂಡು. ಹುಟ್ಟಿ ಅತ್ತಿತು. ಉಳಿಯಲ್ಲ ಅಂತ ಗೊತ್ತಾಗಿ ಗುನಿಲ್ಡಳೇ ದೀಕ್ಷಾಸ್ನಾನ ಕೊಟ್ಟಳು. ದೀಕ್ಷೆಯ ಬಟ್ಟೆ ಸುತ್ತಿ ತಾಯಿ ಪಕ್ಕ ಮಲಗಿಸಿದ್ದು ನಾನೇ. ಅಳು ಕೇಳಿದ್ದಕ್ಕೆ ಗಂಡಸರ ಸಾಕ್ಷಿ ಇದೆ. ಕೇಳ್ಕೊಳ್ಳಿ."

ಜೊತೆಗೆ ಬಂದಿದ್ದ ಪಾದ್ರಿ ಹೌದೆಂದು ತಲೆಯಾಡಿಸಿದ. "ಬಾಗಿಲ ಹೊರಗೆ ನಾವು ನಾಲ್ಕು ಜನ ಇದ್ವಿ. ಮೂರು ಸಲ ಅತ್ತಿತು. ಅತ್ತು ನಿಲ್ಲಿಸೋದು, ಮತ್ತೆ ಕಿರಿಚೋದು. ಗಟ್ಟಿ ಧ್ವನಿ."

ಆ ಅಳುವಿಗೆ ಬೆಲೆಯಿತ್ತು. ರೋಹೀಸ್ ಬಳುವಳಿಯಾಗಿ ಮುನ್ನೂರು ಎಕರೆ ಹುಲ್ಲುಗಾವಲು ತಂದಿದ್ದಳು. ಕಾನೂನಿನಂತೆ, ಹುಟ್ಟಿದ ಮಗು ನಾಲ್ಕು ಗೋಡೆಯೊಳಗೆ ಒಂದು ಸಲ ಅತ್ತರೂ ಸಾಕು, ಹೆಂಡತಿ ಸತ್ತ ಮೇಲೂ ಗಂಡ ಅದನ್ನು ಬದುಕಿರುವವರೆಗೆ ಅನುಭವಿಸಬಹುದು. ಅಳದಿದ್ದರೆ ಬಳುವಳಿ ತವರಿಗೆ, ಅಂದರೆ ಅವಳ ಅಣ್ಣನಿಗೆ ವಾಪಸ್ಸು. ಹೆರಿಗೆ ಕೋಣೆಗೆ ಗಂಡಸರು ಹೋಗುವಂತಿಲ್ಲ. ಆದರೆ ಈ ವಿಷಯದಲ್ಲಿ ನ್ಯಾಯಾಲಯ ನಂಬುವುದು ಗಂಡಸರ ಕಿವಿಯನ್ನೇ.

"ಸತ್ತ ಸೂಲಗಿತ್ತಿಯ ಶಾಲು?" ಎಂದ ವಾರಿನ್.

"ಕತ್ತಲಾಗೋ ಹೊತ್ತಿಗೆ ಹೊರಟಳು. ಚಳಿ ಇತ್ತು. ನಾನೇ ಅವಳ ಹೆಗಲಿಗೆ ಆ ಶಾಲು ಹೊದಿಸಿ ಕಳಿಸಿದೆ." ಪೆಟ್ರೊನಿಲ ದಾರವನ್ನು ಹಲ್ಲಿನಿಂದ ಕಚ್ಚಿದಳು. "ಒಂದು ಶಾಲಿಗೋಸ್ಕರ ಕೊಂದಳು, ಆ ಅಗಸಗಿತ್ತಿ ನಾಯಿ. ಅವಳ ಮಗೂನ ಅವತ್ತು ಈ ಕೋಣೇಲೇ ಎತ್ತಿ ನೋಡಿದ್ದೆ."

"ಇಲ್ಲಿಗ್ಯಾಕೆ ಬಂತು ಅದು?"

"ಹಾಲೂಡಿಸೋಕೆ ಒಬ್ಬಳು ಬೇಕಿತ್ತು. ದಾದಿಯ ಹಾಲು ಹೇಗಿದೆ ಅಂತ ಅವಳ ಮಗು ನೋಡಿ ತಾನೇ ತಿಳ್ಕೊಳ್ಳೋದು? ನಿಮಗೆ ಮಕ್ಕಳಿಲ್ಲವೋ ಏನೋ."

ವಾರಿನ್ ಬಾಗಿಲ ಕಡೆ ತಿರುಗಿದ.

*

ಆಲ್ಡಿತ್‌ಳನ್ನು ಧಾನ್ಯದ ಕೊಟ್ಟಿಗೆಯಲ್ಲಿ ಕೂಡಿಹಾಕಿದ್ದರು. ಮಡಿಲಲ್ಲಿ ಆರು ವಾರದ ಹೆಣ್ಣು ಮಗು. ಹೊರಗೆ ನೇಣುಗಂಬಕ್ಕೆ ಹಗ್ಗ ಕಟ್ಟುತ್ತಿದ್ದ ಸದ್ದು ಕೇಳುತ್ತಿತ್ತು. ಕಾವಲಿನವನು ಯಾರಿಗೂ ಹೇಳದೆ ಅವಳಿಗೆ ಅರ್ಧ ಬಾರ್ಲಿ ರೊಟ್ಟಿ ಕೊಟ್ಟಿದ್ದ. ಅವಳದನ್ನು ತಿಂದಿರಲಿಲ್ಲ.

"ಕೊಂದಿದ್ಯಾ?"

"ಗುನಿಲ್ಡಜ್ಜೀನಾ? ಇವಳನ್ನ ನನ್ನ ಹೊಟ್ಟೆಯಿಂದ ತೆಗೆದೋಳು ಅವಳೇ ದೊರೆ."

"ಶಾಲು?"

"ಅಜ್ಜೀನೇ ಕೊಟ್ಟಿದ್ದು. ಮಂಗಳವಾರ ದೊಡ್ಡಮ್ಮಾವ್ರು ಮಗೂನ ಮೇಲೆ ತರಿಸ್ಕೊಂಡ್ರು. ನನ್ನನ್ನ ಕೆಳಗೆ ಅಡುಗೆಮನೇಲಿ ಕೂರಿಸಿದ್ರು. ಮಧ್ಯಾಹ್ನ ಅಜ್ಜಿ ವಾಪಸ್ ತಂದ್ಕೊಟ್ಟಳು, ಶಾಲಲ್ಲಿ ಸುತ್ತಿ. ಅಳ್ತಾ ಇದ್ದಳು. ಏನೂ ಕೇಳಬೇಡ, ಮನೆಗೆ ಹೋಗು ಅಂದಳು."

"ನೀನು ಕೇಳಲಿಲ್ವಾ?"

"ಕೇಳೋ ಜಾತಿಯೋರಾ ನಾವು?" ಅವಳು ಮಗುವಿನ ತಲೆ ಸವರಿದಳು. "ಗಂಟೆ ಹೊಡೆದ ಮೇಲೆ ಇವಳಿಗೆ ಹಾಲು ಕೊಡೋರು ಯಾರು ದೊರೆ? ಅದೊಂದು ಹೇಳಿ ಹೋಗಿ."

ಮಗು ಕಾಲು ಝಾಡಿಸಿತು. ಹಿಮ್ಮಡಿಗೆ ಬಟ್ಟೆಯ ಪಟ್ಟಿ ಕಟ್ಟಿತ್ತು.

"ಇದೇನು?"

"ಅಜ್ಜಿ ಕಟ್ಟಿದ್ದು. ಒಳಗೆ ಜೇನು ಹಚ್ಚಿದ್ದಾಳೆ. ಬಿಚ್ಚಬೇಡ ಅಂದಿದ್ದಳು."

ವಾರಿನ್ ಬಿಚ್ಚಿದ. ಪುಟ್ಟ ಹಿಮ್ಮಡಿಯಲ್ಲಿ ಮೂರು ಕೆಂಪು ಚುಕ್ಕೆ. ಸೂಜಿ ಆಳಕ್ಕೇ ಇಳಿದಿತ್ತು.

ಪಟ್ಟಿಯನ್ನು ಬೆಳಕಿಗೆ ಹಿಡಿದ. ತೆಳು ಬಿಳಿ ಲಿನನ್, ಅಗಸಗಿತ್ತಿಯ ಮನೆಯದಲ್ಲ. ಹರಿದ ಅಂಚಿನಲ್ಲಿ ಕಂದು ದಾರದ ಕಸೂತಿ. ಒಂದು ಗುಬ್ಬಿ. ಅರ್ಧವೇ ಇತ್ತು.

ಜೊತೆಗಿದ್ದ ಪಾದ್ರಿ ಅದನ್ನು ಕೈಗೆ ತೆಗೆದುಕೊಂಡು ಗುಬ್ಬಿಯ ಮೇಲೆ ಬೆರಳಾಡಿಸಿದ.

"ರೋಹೀಸ್ ಅಮ್ಮಾವ್ರು ಹೊಲಿದ ದೀಕ್ಷೆಯ ಬಟ್ಟೆ. ಎರಡು ವಾರದ ಹಿಂದೆ ಆಶೀರ್ವದಿಸಿ ಕೊಡಿ ಅಂತ ನನ್ನ ಹತ್ತಿರ ತಂದಿದ್ರು. ಗುಬ್ಬಿ ಯಾಕೆ ತಾಯಿ ಅಂದೆ. ಮಗೂಗೆ ನೋಡೋಕೆ ಏನಾದ್ರೂ ಬೇಕಲ್ಲ ಗುರುಗಳೇ ಅಂದ್ರು."

*

ದೊಡ್ಡಮನೆಯ ಬಾಗಿಲ ಕಾವಲಿನ ಮುದುಕನನ್ನು ವಾರಿನ್ ಒಂದೇ ಪ್ರಶ್ನೆ ಕೇಳಿದ.

"ಮಂಗಳವಾರ ಈ ಬಾಗಿಲಿಂದ ನೀಲಿ ಶಾಲು ಯಾವಾಗ ಹೊರಗೆ ಹೋಯ್ತು?"

"ಮಧ್ಯಾಹ್ನದ ಗಂಟೆ ಹೊಡೀತಿತ್ತು ದಣಿ. ಆಲ್ಡಿತ್ ಮಗೂನ ಅದರಲ್ಲೇ ಸುತ್ಕೊಂಡು ಹೋದಳು. ಗುನಿಲ್ಡ್ ಹೋಗಿದ್ದು ಸಂಜೆ. ಚಳೀಲಿ ನಡುಗ್ತಾ, ಶಾಲೂ ಇಲ್ದೆ."

"ಮೊದಲೇ ಯಾಕೆ ಹೇಳಲಿಲ್ಲ?"

"ಯಾರೂ ಕೇಳಲಿಲ್ಲ."

"ಗುನಿಲ್ಡ್ ಒಬ್ಬಳೇ ಹೋದಳಾ?"

ಮುದುಕ ಮೀಸೆ ಎಳೆದುಕೊಂಡ. ಸುತ್ತ ನೋಡಿದ. "ದೊಡ್ಡಮ್ಮಾವ್ರು ಕೊಳದವರೆಗೆ ಜೊತೆಗೆ ಹೋದ್ರು. ಎಷ್ಟು ಒಳ್ಳೆಯೋರು ಅಂದ್ಕೊಂಡೆ."

*

ರೋಹೀಸಳ ಗೋರಿಯ ಬಳಿ ಊರೇ ಸೇರಿತ್ತು. ಗುದ್ದಲಿ ಹಿಡಿದವರು ಕಾಯುತ್ತಿದ್ದರು. ಅತ್ತ ನೇಣುಗಂಬದ ಕೆಳಗೆ ಗಾಡಿ ತಂದು ನಿಲ್ಲಿಸಿದ್ದರು.

"ಪೆಟ್ಟಿಗೆ ತೆಗೀರಿ. ಮಗುವಿನ ಮೈಮೇಲೆ ದೀಕ್ಷೆಯ ಬಟ್ಟೆ ಇದೆಯಾ ನೋಡಬೇಕು" ಎಂದ ವಾರಿನ್.

ಪೆಟ್ರೊನಿಲ ಅವನ ಮಗ್ಗುಲಿಗೆ ಬಂದಳು. ತಗ್ಗಿದ ದನಿಯಲ್ಲಿ ಕೇಳಿದಳು: "ತೆಗೆದು ಏನ್ಮಾಡ್ತೀರಿ? ದೀಕ್ಷೆ ಆಗದ ಮಗುವಿಗೆ ಈ ಮಣ್ಣಿನಲ್ಲಿ ಜಾಗ ಇಲ್ಲ. ಚರ್ಚಿನ ಗೋಡೆಯಾಚೆ ಎಸೀಬೇಕು, ಹೆಸರಿಲ್ಲದೆ. ಸತ್ತ ತಾಯಿಯ ಮಗ್ಗುಲಿಂದ ಎಳೀತೀರಾ ನೀವು? ಒಬ್ಬ ಅಗಸಗಿತ್ತಿಗೋಸ್ಕರ?"

ಇಪ್ಪತ್ತಾರು ವರ್ಷದ ಹಿಂದೆ ವಾರಿನ್ನನ ಹೆಂಡತಿಯನ್ನೂ ಮಗನನ್ನೂ ಒಂದೇ ಪೆಟ್ಟಿಗೆಯಲ್ಲಿ ಹೂಳಿದ್ದರು. ಆ ಮಗು ದೀಕ್ಷೆಯ ಬಟ್ಟೆಯಲ್ಲಿ ಮಲಗಿತ್ತು. ಅವನಿಗಿದ್ದ ಸಮಾಧಾನ ಅದೊಂದೇ.

ಕೊಟ್ಟಿಗೆಯಿಂದ ಮಗು ಅಳುವುದು ಕೇಳಿಸಿತು. ಗಟ್ಟಿ ಧ್ವನಿ. ಪಾದ್ರಿ ಬೆಚ್ಚಿ ತಲೆಯೆತ್ತಿದ.

"ಅಗೀರಿ" ಎಂದ ವಾರಿನ್.

ಮುಚ್ಚಳ ತೆರೆದರು. ತಾಯಿಯ ಮೈಮೇಲೆ ರೇಷ್ಮೆ. ಮಗು ಹಿಟ್ಟಿನ ಚೀಲದ ತುಂಡಿನಲ್ಲಿತ್ತು.

*

ವಾರಿನ್ ಎಲ್ಲರಿಗೂ ಕೇಳುವಂತೆ ಹೇಳಿದ.

"ಮಗು ಹುಟ್ಟುವಾಗಲೇ ಸತ್ತಿತ್ತು. ಬಳುವಳಿ ಉಳೀಬೇಕಾದ್ರೆ ಅಳು ಬೇಕು. ಅದಕ್ಕೇ ಆಲ್ಡಿತ್‌ಳ ಮಗೂನ ಮೊದಲೇ ತರಿಸಿಟ್ಟಿದ್ರು. ಹಿಮ್ಮಡಿಗೆ ಮೂರು ಸಲ ಸೂಜಿ ಚುಚ್ಚಿದ್ರು. ಹೊರಗೆ ಕೇಳಿಸಿದ್ದೂ ಮೂರು ಸಲ. ಗುನಿಲ್ಡ್ ಆ ಗಾಯಕ್ಕೆ ಜೇನು ಹಚ್ಚಿ, ದೀಕ್ಷೆಯ ಬಟ್ಟೆ ಹರಿದು ಕಟ್ಟಿದಳು. ಬದುಕಿದ ಮಗುವಿನ ಬಟ್ಟೆಯನ್ನ ಯಾವ ಸೂಲಗಿತ್ತಿಯೂ ಹರಿಯಲ್ಲ. ಸತ್ತು ಹುಟ್ಟಿದ್ದಕ್ಕೆ ದೀಕ್ಷೆ ಇಲ್ಲ, ಆ ಬಟ್ಟೆ ಇನ್ನು ಯಾರಿಗೂ ಬೇಕಿಲ್ಲ ಅಂತ ಅವಳಿಗೆ ಗೊತ್ತಿತ್ತು. ಚಳೀಲಿ ಮಗು ಹೋಗಬಾರದು ಅಂತ ಶಾಲೂ ಕೊಟ್ಟಳು. ಮಧ್ಯಾಹ್ನವೇ ಹೋದ ಶಾಲನ್ನ ಸಂಜೆ ಇವರು ಹೇಗೆ ಹೊದಿಸಿದ್ರು? ಕೊಳದವರೆಗೆ ಜೊತೆಗೆ ಹೋದವರೂ ಇವರೇ."

ಪೆಟ್ರೊನಿಲ ಪೆಟ್ಟಿಗೆಯನ್ನೇ ನೋಡುತ್ತಿದ್ದಳು.

"ಪಾದ್ರಿ ಹತ್ತಿರ ಪಾಪ ಹೇಳ್ಕೋತೀನಿ ಅಂದಳು ಮುದುಕಿ" ಎಂದಳು. "ಮೂರು ವರ್ಷ ಕಾದೆ ನಾನು. ಇವಳು ಹೆರಲಿಲ್ಲ. ಹೆತ್ತಾಗ ಸತ್ತದ್ದನ್ನ ಹೆತ್ತಳು. ಸಾಯೋವಾಗ ಬೇರೆ, ಅಳು ಕೇಳಿ ಕಣ್ಣು ಬಿಟ್ಟಳು. ಕೊಡಿ ಅಂತ ಕೈ ಚಾಚಿದಳು. ಕೊಡಬೇಡ ಅಂದೆ, ಆರು ವಾರದ ಮಗು ಅಂತ ಗೊತ್ತಾಗಿಬಿಡತ್ತೆ. ಮುದುಕಿ ನನ್ನ ಮಾತು ಮೀರಿ ಅವಳ ಎದೆ ಮೇಲೆ ಮಲಗಿಸಿದಳು. ಹಾಗೇ ಸತ್ತಳು, ಅಗಸಗಿತ್ತಿಯ ಮಗೂನ ತಬ್ಕೊಂಡು."

ಗುದ್ದಲಿ ಹಿಡಿದವನೊಬ್ಬ ಟೋಪಿ ತೆಗೆದ.

"ಹಾಗಾದ್ರೆ," ಎಂದ ಫುಲ್ಕ್, "ಹುಲ್ಲುಗಾವಲು?"

ಆಲ್ಡಿತ್‌ಳಿಗೆಂದು ತಂದ ಗಾಡಿಯಲ್ಲೇ ಅವನ ತಾಯಿಯನ್ನು ಕೂರಿಸಿ ಲಿಂಕನ್ನಿನ ಸೆರೆಮನೆಗೆ ಕಳಿಸಿದರು. ಅವಳು ಕಸೂತಿಯ ಚೀಲ ಕೇಳಿದಳು. ಕೊಡಲಿಲ್ಲ.

*

ಸತ್ತ ಮಗುವನ್ನು ಹೊರಗೆ ಹೂಳಲೇಬೇಕಿತ್ತು. ಪಾದ್ರಿಯ ಮುಖ ಬಾಡಿತ್ತು.

"ಗೋಡೆಯ ಹೊರಗೆ ಅಂತ ನಿಯಮ ಹೇಳುತ್ತೆ" ಎಂದ. ಗೋಡೆಯ ಕಡೆ ನೋಡಿ, "ಎಷ್ಟು ಹೊರಗೆ ಅಂತ ಹೇಳಿಲ್ಲ."

ರೋಹೀಸಳ ಗೋರಿಗೆ ನೇರವಾಗಿ, ಗೋಡೆಗೆ ತಾಗಿಸಿಯೇ ಗುಂಡಿ ತೋಡಿದರು.

ಆಲ್ಡಿತ್ ಬಂದಳು. ಕೊಟ್ಟಿಗೆಯಿಂದ ನೇರ ಬಂದಿದ್ದಳು. ಮಂಡಿಯೂರಿ ಕೂತು, ಅರ್ಧ ಗುಬ್ಬಿಯ ಪಟ್ಟಿಯನ್ನು ವಾರಿನ್ನನ ಕೈಯಿಂದ ಇಸಿದುಕೊಂಡು, ಹಿಟ್ಟಿನ ಚೀಲದ ಮಡಿಕೆಯೊಳಗೆ ಇಟ್ಟಳು. ಆಶೀರ್ವಾದ ಪಡೆದ ಬಟ್ಟೆಯನ್ನು ಅಲ್ಲಿಡುವಂತಿರಲಿಲ್ಲ. ಪಾದ್ರಿ ಆಕಾಶ ನೋಡುತ್ತಾ ಇಂದು ಮಳೆ ಬರಬಹುದು ಎಂದ.

ಅವಳ ಮಗು ಮತ್ತೆ ಅಳತೊಡಗಿತು. ಅವಳು ಅಲ್ಲೇ ಗೋಡೆಗೆ ಒರಗಿ ಕೂತು ಎದೆಗೆ ಹಾಕಿಕೊಂಡಳು. ಗುಂಡಿ ಮುಚ್ಚುವವರು, ಅದು ಹಾಲು ಕುಡಿದು ಸುಮ್ಮನಾಗುವವರೆಗೆ, ಗುದ್ದಲಿ ಸದ್ದು ಮಾಡದೆ ಕಾದರು.